ಮಂಕರಿಯೊಳಗಿನ ಎರಡು ಕಣ್ಣು

ನಾಣಿಯ ಸ್ಟುಡಿಯೋದಲ್ಲಿ ಪಟ ತೆಗೆಸಿಕೊಂಡವರಲ್ಲಿ ನಕ್ಕವರು ಅಂತ ಒಬ್ಬರೂ ಇರಲಿಲ್ಲ. ಅವನು ನಗಲು ಬಿಟ್ಟರೆ ತಾನೆ! ರಾಜಾಜಿನಗರದಲ್ಲಿ ಒಂದು ಸೈಟಿನಲ್ಲಿ ಮನೆ ಎದ್ದರೆ ಪಕ್ಕದ ನಾಲ್ಕು ಸೈಟಿನಲ್ಲಿ ಲಂಟಾನದ ಮುಳ್ಳುಪೊದೆ ಬೆಳೆದಿರುತ್ತಿದ್ದ ಕಾಲ ಅದು. ಹೊಸದಾಗಿ ಬಂದು ನೆಲೆಸಿದ ಗುಮಾಸ್ತರು, ಕಾರ್ಖಾನೆಯವರು, ಮಾಗಡಿ ರಸ್ತೆಯ ಹಳ್ಳಿಗಳಿಂದ ಗಾಡಿ ಕಟ್ಟಿಕೊಂಡು ಬರುವ ಒಕ್ಕಲು ಮನೆಯವರು, ಎಲ್ಲರಿಗೂ ಹತ್ತಿರದಲ್ಲಿದ್ದ ಫೋಟೋದವನು ಅವನೊಬ್ಬನೇ. ಬಂದವರನ್ನು ಕುರ್ಚಿಯ ಮೇಲೆ ಕೂರಿಸುತ್ತಿದ್ದ. ಗದ್ದ ಹಿಡಿದು ಆ ಕಡೆ ತಿರುಗಿಸಿ, ಮನಸ್ಸಿಗೆ ಬಾರದೆ ಈ ಕಡೆ ತಿರುಗಿಸಿ, ಕೊನೆಗೆ "ಅಲ್ಲಾಡಬೇಡಿ! ಉಸಿರು ಬಿಗಿ ಹಿಡೀರಿ! ಹಾಂ, ಈಗ ಸ್ವಲ್ಪ ನಗಿ" ಎಂದು ಗದರುತ್ತಿದ್ದ. ಉಸಿರು ಬಿಗಿ ಹಿಡಿದವನು ನಗುವುದು ಹೇಗೆ ಅನ್ನುವ ಯೋಚನೆ ಆ ಪುಣ್ಯಾತ್ಮನಿಗೆ ಒಂದು ದಿನವೂ ಬಂದಿರಲಿಲ್ಲ.

ಅದರ ಫಲವನ್ನು ಉಂಡವನು ಬ್ಯಾಡರಹಳ್ಳಿಯ ಚಿಕ್ಕಮುನಿಯಪ್ಪ. ತೋಟ, ತುಡಿಕೆ, ಎರಡು ಜೊತೆ ಎತ್ತು ಇದ್ದ ಗಟ್ಟಿ ಕುಳ. ಅವನ ಮಗಳು ಇಂದ್ರಮ್ಮನನ್ನು ಮಿಲಿಟರಿಯಲ್ಲಿ ಲಾರಿ ಓಡಿಸುತ್ತಿದ್ದ ಮುನಿರಾಜು ಎಂಬ ಹುಡುಗನಿಗೆ ಕೇಳಿದ್ದರು. ಹುಡುಗ ಉತ್ತರದೇಶದಲ್ಲೆಲ್ಲೋ ಇದ್ದ. ರಜ ಸಿಗುವುದು ಕಷ್ಟ. ಪಟ ಕಳಿಸಿ, ನೋಡಿ ಹೇಳುತ್ತೇನೆ ಅಂದಿದ್ದ. ನಾಣಿ ತೆಗೆದ ಪಟ ಹೋಯಿತು. ಬಂದ ಉತ್ತರವನ್ನು ಚಿಕ್ಕಮುನಿಯಪ್ಪ ಸ್ಟುಡಿಯೋಗೇ ತಂದು, ನಾಣಿಯ ಕೈಲೇ ಓದಿಸಿದ. 'ಹುಡುಗಿಗೆ ಮೈ ಹುಷಾರಿಲ್ಲವೇ? ಮನೆಯಲ್ಲಿ ಯಾರಾದರೂ ತೀರಿಕೊಂಡರೇ? ದುಃಖ ಇಳಿದ ಮೇಲೆ ಇನ್ನೊಂದು ಪಟ ಕಳಿಸಿ' ಎಂದಿತ್ತು.

"ಇನ್ನೊಂದು ತೆಗೀರಿ ಸ್ವಾಮಿ," ಎಂದ ಚಿಕ್ಕಮುನಿಯಪ್ಪ. "ಬರೋ ಸುಕ್ರವಾರ ಟಪ್ಪಾಲಿಗ್ ಹಾಕ್ಬೇಕು. ಇದಕ್ಕೂ ಹಿಂಗೇ ಕಾಗ್ದ ಬಂದ್ರೆ, ಹೊರಗಡೆ ಅದಲ್ಲ ನಿಮ್ಮ ಬೋರ್ಡು, ಅದನ್ನ ಕಿತ್ಕೊಂಡೋಗಿ ನಮ್ಮ ಕರಾನ ಕಟ್ಟೋ ಕೊಟ್ಗೆಗೆ ಬಾಗ್ಲು ಮಾಡ್ತೀನಿ. ಅಳತೆ ಸರ್ಯಾಗದೆ, ನೋಡಿದೀನಿ."

ಅವನು ಹೇಳಿದ್ದನ್ನು ಮಾಡುವ ಆಸಾಮಿ. ಅವನೊಬ್ಬ ಬೇಡ ಅಂದರೆ ಸುಂಕದಕಟ್ಟೆಯಿಂದ ಆಚೆಗಿನ ಯಾವ ಹಳ್ಳಿಯವರೂ ನಾಣಿಯ ಬಾಗಿಲಿಗೆ ಬರುತ್ತಿರಲಿಲ್ಲ. ಆದರೆ ನಾಣಿಯನ್ನು ಚುಚ್ಚಿದ್ದು ಬೆದರಿಕೆಯಲ್ಲ. ಇಂದ್ರಮ್ಮ ಎರಡನೇ ಸಲ ಬಂದಾಗ, ಬಾಗಿಲಾಚೆ ಚಪ್ಪಲಿ ಬಿಡುತ್ತ ಯಾವುದಕ್ಕೋ ಕಿಲಕಿಲ ನಕ್ಕಿದ್ದಳು. ಆ ನಗು ಕೇಳಿ ನಾಣಿಗೇ ನಗು ಬಂದಿತ್ತು. ಕುರ್ಚಿಯ ಮೇಲೆ ಕೂತ ಗಳಿಗೆಯಿಂದ ಅವಳ ಮುಖ ಬೀಗ ಹಾಕಿಕೊಂಡಿತು. ನಗಮ್ಮ ಅಂದ, ತುಟಿ ಕಚ್ಚಿದಳು. ಸ್ವಲ್ಪ ನಗಮ್ಮ ಅಂದ, ಕಣ್ಣಲ್ಲಿ ನೀರು ತಂದುಕೊಂಡಳು. ಮಧ್ಯಾಹ್ನ ಪೂರ್ತಿ ಹೆಣಗಿ ಸುಸ್ತಾಗಿ ಕಳಿಸಿದ. ತನ್ನ ಕೈ ತಾಗಿದ ಮುಖವೆಲ್ಲ ಸೂತಕದ ಮುಖವಾಗುತ್ತದಲ್ಲ ಎಂದು ಆ ರಾತ್ರಿ ಅವನಿಗೆ ಊಟ ಸೇರಲಿಲ್ಲ.

ಇದಕ್ಕೆ ಉಪಾಯ ಹೇಳಿದವನು ಕಿಟ್ಟಿ. ಕಿಟ್ಟಿ ನಾಣಿಯ ಬಾಲ್ಯದ ಗೆಳೆಯ, ಕಾರ್ಖಾನೆಯಲ್ಲಿ ಫಿಟ್ಟರು, ಕೀಟಲೆಯಲ್ಲಿ ಎತ್ತಿದ ಕೈ.

"ನೀನು ನಗಿ ಅಂದ್ರೆ ಯಾರೋ ನಗ್ತಾರೆ? ನಿನ್ನ ಮುಖ ನೋಡಿದ್ರೆ ಸಾಲ ವಸೂಲಿಗೆ ಬಂದೋನ ಹಾಗಿರತ್ತೆ. ಕ್ಯಾಮೆರಾ ಬಚ್ಚಿಡಬೇಕು ಕಣೋ. ತಮ್ಮ ಪಾಡಿಗೆ ತಾವಿರೋವಾಗ ಹಿಡೀಬೇಕು."

"ಬಚ್ಚಿಟ್ರೆ ನಗ್ತಾರೇನೋ?"

"ನಗೋ ಹಾಗೆ ನಾನು ಮಾಡ್ತೀನಿ."

ನಾಣಿಯ ಹತ್ತಿರ ಜರ್ಮನಿಯ ಎರಡು ಕಣ್ಣಿನ ಕ್ಯಾಮೆರಾ ಇತ್ತು. ಮೇಲೊಂದು ಗಾಜಿನ ಕಣ್ಣು, ಕೆಳಗೊಂದು. ಮೇಲಿನದು ಫೋಟೋದವನು ನೋಡಲು, ಕೆಳಗಿನದು ಪಟ ಹಿಡಿಯಲು. ಎದೆಗೆ ಅವುಚಿಕೊಂಡು ತಲೆ ಬಗ್ಗಿಸಿದರೆ ನೆತ್ತಿಯ ಮೇಲಿನ ಗಾಜಿನಲ್ಲಿ ಎದುರಿನ ಲೋಕ ಕಾಣುತ್ತಿತ್ತು. ಅವನ ಜೀವನಕ್ಕೆ ಇದ್ದ ಆಸ್ತಿ ಅದೊಂದೇ. ಕಿಟ್ಟಿ ಅದಕ್ಕೊಂದು ಉದ್ದನೆಯ ರಬ್ಬರ್ ಕೊಳವೆ ಸಿಕ್ಕಿಸಿ, ಕೊಳವೆಯ ಇನ್ನೊಂದು ತುದಿಗೆ ಸೈಕಲ್ ಹಾರನ್ನಿನ ರಬ್ಬರ್ ಗುಂಡು ಕಟ್ಟಿದ. ದೂರದಲ್ಲಿ ಕೂತು ಗುಂಡು ಹಿಚುಕಿದರೆ ಇಲ್ಲಿ ಕ್ಯಾಮೆರಾ ಕ್ಲಿಕ್ ಅನ್ನುತ್ತಿತ್ತು.

ಮಂಗಳವಾರ ಸಾಯಂಕಾಲದ ಬಸ್ಸಿಗೆ ಚಿಕ್ಕಮುನಿಯಪ್ಪ ಮಗಳನ್ನು ಕರೆದುಕೊಂಡು ರಾಜಾಜಿನಗರದ ತಂಗಿಯ ಮನೆಗೆ ಹೊರಡುತ್ತಾನೆ, ಬಸ್ಸು ಹತ್ತಲು ಬ್ಯಾಡರಹಳ್ಳಿಯಿಂದ ಸುಂಕದಕಟ್ಟೆಯವರೆಗೆ ನಡೆದೇ ಬರುತ್ತಾರೆ ಎಂದು ಕಿಟ್ಟಿ ಪತ್ತೆ ಮಾಡಿದ. ಸುಂಕದಕಟ್ಟೆಯ ಗಡಿಕಲ್ಲಿನ ಹತ್ತಿರ ಒಂದು ಬೇವಿನ ಮರ, ಅದರ ಹಿಂದೆ ಆಳೆತ್ತರದ ಲಂಟಾನ. ಮಧ್ಯಾಹ್ನವೇ ಹೋಗಿ ಕೂತು ದಾರಿಹೋಕರ ಮೇಲೆ ಕೈ ಪಳಗಿಸಿಕೊಂಡು, ಇಂದ್ರಮ್ಮ ಬಂದಾಗ ಅವಳ ನಗುವನ್ನು ಹಿಡಿಯುವುದು ಎಂದು ಗೊತ್ತಾಯಿತು.

ಕ್ಯಾಮೆರಾವನ್ನು ಒಂದು ಬಿದಿರಿನ ಮಂಕರಿಯಲ್ಲಿಟ್ಟರು. ಬಿಸಿಲಿಗೆ ಫಿಲ್ಮ್ ಕಾಯಬಾರದು ಅಂತ ನಾಣಿ ತನ್ನ ಕತ್ತಲೆ ಕೋಣೆಯ ದೀಪಕ್ಕೆ ಮುಚ್ಚುವ ಕೆಂಪು ಬಟ್ಟೆ ಸುತ್ತಿದ. ಕಾಣಬಾರದು ಅಂತ ಕಿಟ್ಟಿ ಮರದಿಂದ ಬೇವಿನ ಸೊಪ್ಪು ಮುರಿದು ಮೇಲೆಲ್ಲ ಹೊದಿಸಿದ. ಸೊಪ್ಪಿನ ನಡುವೆ ಎರಡು ಗಾಜಿನ ಕಣ್ಣು ಮಾತ್ರ ಪಳಪಳ ಹೊಳೆಯುತ್ತಿದ್ದವು. ಇಬ್ಬರೂ ಪಟ್ಟಣದ ಅಗ್ರಹಾರದಲ್ಲಿ ಬೆಳೆದವರು. ಮಂಗಳವಾರ, ಊರ ಗಡಿಯಲ್ಲಿ, ಕೆಂಪು ಬಟ್ಟೆ ಸುತ್ತಿ ಬೇವಿನ ಸೊಪ್ಪು ಹೊದಿಸಿದ ಮಂಕರಿ ಇಟ್ಟರೆ ಅದಕ್ಕೆ ಹಳ್ಳಿಯಲ್ಲಿ ಏನು ಅರ್ಥ ಅನ್ನುವುದು ಅವರಿಗೆ ಹೊಳೆಯಲೇ ಇಲ್ಲ.

ರಸ್ತೆಯಲ್ಲಿ, ಮಂಕರಿಗೆ ಎರಡು ಮಾರು ದೂರದಲ್ಲಿ, ಎಳೆಯ ಸೋರೆಕಾಯಿಯೊಂದನ್ನು ಇಟ್ಟರು. ಸಂತೆಯ ಗಾಡಿಯಿಂದ ಉದುರಿದ ಹಾಗೆ. ಅದರ ತೊಟ್ಟಿಗೆ ಕರಿ ದಾರ, ದಾರದ ತುದಿ ಲಂಟಾನದೊಳಗೆ ಕಿಟ್ಟಿಯ ಕೈಯಲ್ಲಿ.

ಮೊದಲು ಬಂದವನು ಕೋಟು, ಪಂಚೆ, ಕೊಡೆಯ ಗೃಹಸ್ಥ. ಸೋರೆಕಾಯಿ ಕಂಡ ಕೂಡಲೇ ನಿಂತ. ಆಕಾಶ ನೋಡಿದ, ಹಿಂದೆ ನೋಡಿದ, ಮುಂದೆ ನೋಡಿದ. ಚಪ್ಪಲಿಯ ಬಾರು ಸರಿಮಾಡುವವನಂತೆ ಬಗ್ಗಿದ. ಕಿಟ್ಟಿ ದಾರ ಎಳೆದ. ಸೋರೆಕಾಯಿ ಒಂದು ಗೇಣು ಹಿಂದೆ ಸರಿಯಿತು. ಗೃಹಸ್ಥ ನೆಟ್ಟಗೆ ನಿಂತು, ಕೊಡೆಯನ್ನು ಕಂಕುಳಿಗೆ ಸಿಕ್ಕಿಸಿ, ಸೋರೆಕಾಯಿಗೆ ಕೈ ಮುಗಿದು "ಕ್ಷಮಿಸಬೇಕು, ತಮ್ಮದು ಅಂತ ಗೊತ್ತಿರಲಿಲ್ಲ" ಎಂದು ಹೇಳಿ ದಾಪುಗಾಲು ಹಾಕಿದ. ನಾಣಿ ಗುಂಡು ಹಿಚುಕಿದ. ಕಿಟ್ಟಿ ಬಾಯಿಗೆ ಪಂಚೆಯ ತುದಿ ತುರುಕಿಕೊಂಡು ಹೊರಳಾಡಿದ.

ಆಮೇಲೆ ಬಂದದ್ದು ಗಾಡಿಯಿಂದ ಧುಮುಕಿದ ಅಣ್ಣತಮ್ಮಂದಿರು. ನಾನು ಮೊದಲು ಕಂಡದ್ದು, ನಾನು ಮೊದಲು ಇಳಿದದ್ದು ಎಂದು ಜುಟ್ಟು ಹಿಡಿಯುವವರೆಗೆ ಹೋದರು. ಕಾಯಿ ಮೆಲ್ಲಗೆ ಅವರಿಬ್ಬರ ಕಾಲ ನಡುವೆ ತೆವಳಿತು. "ನೀನೇ ಮಡೀಕೋ ಅಣ್ಣ," ಎಂದ ತಮ್ಮ. "ನೀನು ಚಿಕ್ಕೋನು, ನೀನೇ ತಿನ್ನು," ಎಂದ ಅಣ್ಣ. ಒಬ್ಬರನ್ನೊಬ್ಬರು ತಳ್ಳಿಕೊಂಡು ಓಡಿಹೋದರು. ಎತ್ತುಗಳು ನಿಧಾನವಾಗಿ ಗಾಡಿ ಎಳೆದುಕೊಂಡು ಅವರ ಹಿಂದೆ ಹೊರಟವು. ಹೀಗೆ ಇನ್ನೂ ಏಳೆಂಟು ಜನ ಸಿಕ್ಕಿಬಿದ್ದರು. ನಾಣಿ ಪ್ರತಿ ಸಲವೂ ತೆವಳಿ ಬಂದು ಫಿಲ್ಮ್ ಸುತ್ತಿ ಮತ್ತೆ ತೆವಳಿ ಹೋಗುತ್ತಿದ್ದ. ಹೀಗೆ ಹೋಗುವಾಗ ತನಗೇ ಗೊತ್ತಿಲ್ಲದೆ ಅವನು ಕಿಸಿಕಿಸಿ ನಗುತ್ತಿದ್ದ. ಇಷ್ಟು ವರ್ಷ ಜನರ ಮುಖವನ್ನೇ ನೋಡಿಕೊಂಡು ಬದುಕಿದವನಿಗೆ ಮುಖ ಅಂದರೆ ಇದು ಅಂತ ಅವತ್ತು ಗೊತ್ತಾಯಿತು.

ಕೆಲಸ ಕೆಡಿಸಿದವಳು ಲಕ್ಷ್ಮಿದೇವಮ್ಮ ಎಂಬ ಮುದುಕಿ. ಸೋರೆಕಾಯಿ ಸರಿದರೆ ಅವಳು ಹೆದರಲಿಲ್ಲ. "ಎತ್ತಗ್ ಹೋಯ್ತೀಯ? ನಿಂತ್ಕೊ, ನಿನ್ನ ಹುಳಿ ಮಾಡ," ಎಂದು ಅಟ್ಟಿಸಿಕೊಂಡು ಬಂದಳು. ಬಂದವಳೇ ಅದರ ಮೇಲೆ ಕುಕ್ಕರಿಸಿದಳು. ದಾರವನ್ನು ಹಲ್ಲಿನಿಂದ ಕಡಿದಳು, ಕಾಯಿಯನ್ನು ಮಡಿಲಿಗೆ ಕಟ್ಟಿಕೊಂಡಳು, ಹೊರಟೇ ಹೋದಳು. ನಾಣಿ ಅದನ್ನೂ ಹಿಡಿದ. ಫಿಲ್ಮಿನಲ್ಲಿ ಈಗ ಒಂದೇ ಒಂದು ಪಟಕ್ಕೆ ಜಾಗ ಉಳಿದಿತ್ತು. ಅದು ಇಂದ್ರಮ್ಮನಿಗೆ ಮೀಸಲು. ಫಿಲ್ಮ್ ಸುತ್ತಿ ಸಿದ್ಧವಾಗಿಟ್ಟ. ಕಿಟ್ಟಿ ಇನ್ನೊಂದು ಸೋರೆಕಾಯಿ ತರಲು ಊರೊಳಗೆ ಹೋದ.

ಆಗ ಹುಲ್ಲಿನ ಹೊರೆ ಹೊತ್ತ ಲಿಂಗಮ್ಮ ಬಂದಳು. ಸುಂಕದಕಟ್ಟೆಯವಳೇ. ಹೊರೆ ಇಳಿಸಿ ಬೇವಿನ ನೆರಳಲ್ಲಿ ನಿಂತು ಬೆವರು ಒರೆಸಿಕೊಳ್ಳುತ್ತಿದ್ದಾಗ ಅವಳ ಕಣ್ಣು ಮಂಕರಿಯ ಮೇಲೆ ಬಿತ್ತು. ಬೇವಿನ ಸೊಪ್ಪು. ಕೆಂಪು ಬಟ್ಟೆ. ಎರಡು ಕಣ್ಣು. ನಾಣಿ ಗಾಬರಿಯಾಗಿ ರಬ್ಬರ್ ಕೊಳವೆಯನ್ನು ತನ್ನತ್ತ ಎಳೆದುಕೊಂಡ. ಅದು ಕ್ಯಾಮೆರಾದಿಂದ ಕಿತ್ತು, ಮಂಕರಿಯಿಂದ ಹೊರಬಂದು, ಸರಸರನೆ ಹರಿದು ಲಂಟಾನದೊಳಗೆ ಮಾಯವಾಯಿತು.

"ಅಮ್ಮಯ್ಯ! ನಾಗಪ್ಪ ಬೇರೆ ಕಾವ್ಲಿಗವ್ನೆ!" ಎಂದು ಲಿಂಗಮ್ಮ ನೆಲಕ್ಕೆ ಹಣೆ ಹಚ್ಚಿದಳು. ಆಮೇಲೆ ಎದ್ದು, ಊರು ಹಾರಿಹೋಗುವ ಹಾಗೆ ಕೂಗಿದಳು. "ಬರ್ರಪ್ಪೋ! ಯಾವೂರೋರೋ ಮಾರಮ್ಮನ್ನ ತಂದು ನಮ್ ಗಡೀಗ್ ಬಿಟ್ಟೋಗವ್ರೆ!"

ಆ ಕಡೆಯ ಹಳ್ಳಿಗಳಲ್ಲಿ ಪದ್ಧತಿ ಹಾಗಿತ್ತು. ಊರಿಗೆ ಜಾಡ್ಯ ಬಂದರೆ ಮಾರಿಯನ್ನು ಪೂಜೆ ಮಾಡಿ, ಬೇವಿನ ಸೊಪ್ಪಿನ ಸಮೇತ ಹೊತ್ತೊಯ್ದು ಗಡಿ ದಾಟಿಸುತ್ತಿದ್ದರು. ಆಚೆಯ ಊರಿನವರು ಹೊತ್ತು ಮುಳುಗುವುದರೊಳಗೆ ಅದನ್ನು ತಮ್ಮ ಗಡಿಯಿಂದಲೂ ದಾಟಿಸಬೇಕು. ಹೊರಟ ಅಮ್ಮನನ್ನು ಹಿಂದಕ್ಕೆ ತರುವಂತಿಲ್ಲ.

ನಾಣಿ ಹಾರಿ ಹೋಗಿ ಕ್ಯಾಮೆರಾ ಎತ್ತಿಕೊಂಡಿರಬಹುದಿತ್ತು. ಆದರೆ ಲಂಟಾನದ ಮುಳ್ಳು ಅವನ ಕೋಟನ್ನು ಬೆನ್ನ ಹಿಂದಿನಿಂದ ಹಿಡಿದುಕೊಂಡಿತ್ತು. ಬಿಡಿಸಿಕೊಂಡು ಹೊರಬರುವಷ್ಟರಲ್ಲಿ ಮಗ್ಗುಲ ಕಣದಲ್ಲಿದ್ದ ಗಂಡಸರು, ಹೊಲದಲ್ಲಿದ್ದ ಹೆಂಗಸರು, ತಮಟೆಯವರು, ಎಲ್ಲರೂ ಬಂದು ನೆರೆದಿದ್ದರು. ಯಜಮಾನ ಬೆಟ್ಟಯ್ಯ ಮಂಕರಿಗೆ ಅಡ್ಡ ಬಿದ್ದು ಏಳುತ್ತಿದ್ದ.

"ಯಜಮಾನ್ರೇ, ಆ ಮಂಕರಿ..." ಎಂದು ನಾಣಿ ಬಾಯಿ ತೆರೆದ.

"ದೂರ ನಿಂತ್ಕಳಿ ಸ್ವಾಮಿ," ಎಂದ ಬೆಟ್ಟಯ್ಯ. "ಯಾವನೋ ಕಳ್ಳ್ ನನ್ಮಗ ಹೇಳ್ದೆ ಕೇಳ್ದೆ ಮಡಗೋಗವ್ನೆ. ಸಿಗ್ಲಿ, ಆ ಹುಣ್ಸೆ ಮರಕ್ಕೆ ತಲೆಕೆಳಗಾಗ್ ಕಟ್ತೀನಿ."

"ಕಟ್ಟಬೇಕು, ಕಟ್ಟಲೇಬೇಕು," ಎಂದ ನಾಣಿ. ಬಾಯಿ ತಾನಾಗಿಯೇ ಹಾಗೆ ಅಂದುಬಿಟ್ಟಿತು.

ಸೋರೆಕಾಯಿಯನ್ನು ಕಂಕುಳಲ್ಲಿಟ್ಟುಕೊಂಡು ಕಿಟ್ಟಿ ವಾಪಸು ಬಂದಾಗ ಮಂಕರಿ ಒಬ್ಬ ಗಟ್ಟಿಮುಟ್ಟಾದ ಆಳಿನ ತಲೆಯ ಮೇಲಿತ್ತು. ಮುಂದೆ ತಮಟೆ, ಹಿಂದೆ ಊರಿಗೆ ಊರೇ.

"ಏನೋ ಇದು?"

"ಕ್ಯಾಮೆರಾ ಮೆರವಣಿಗೆ ಹೊರಟಿದೆ ಕಣೋ," ಎಂದ ನಾಣಿ, ಅಳುವುದೋ ನಗುವುದೋ ತಿಳಿಯದೆ. "ಮಾರಮ್ಮ ಆಗಿದೆ."

ಹಿಂದೆ ಓಡದೆ ದಾರಿಯಿರಲಿಲ್ಲ. ಯಾರೋ ನಾಣಿಯ ಕೈಗೆ ಬೇವಿನ ಕೊಂಬೆ ಕೊಟ್ಟರು, ಬೀಸಿದ. ಯಾರೋ ಕಿಟ್ಟಿಯ ಕಂಕುಳು ನೋಡಿ "ಕುಂಬಳಕಾಯಿ ಸಿಗ್ಲಿಲ್ವಾ ಸ್ವಾಮಿ? ಇರ್ಲಿ ಬುಡಿ, ಅಮ್ಮ ಇದನ್ನೂ ಒಪ್ಕೋತಾಳೆ" ಎಂದು ಬೆನ್ನು ತಟ್ಟಿದರು. ದಾರಿಯ ಮನೆಗಳ ಹೆಂಗಸರು ಚೊಂಬು ಚೊಂಬು ಅರಿಶಿನದ ನೀರು ತಂದು ಮಂಕರಿಯತ್ತ ಎರಚಿದರು. ಒಂದೊಂದು ಎರಚಿಗೂ ನಾಣಿಯ ಎದೆಗೆ ಒನಕೆ ಬಿದ್ದ ಹಾಗಾಯಿತು. ಅಡ್ಡ ಹೋಗಿ ಮುಖ ಒಡ್ಡಿದ. ನೋಡನೋಡುತ್ತ ಕೋಟು, ಕನ್ನಡಕ, ಮೀಸೆ ಎಲ್ಲ ಹಳದಿಯಾದವು. "ಭಕ್ತಿ ಅಂದ್ರೆ ಅದು ನೋಡ್ರವ್ವ, ಕಲೀರಿ," ಎಂದಳು ಲಿಂಗಮ್ಮ.

ಹೇರೋಹಳ್ಳಿಯ ಗಡಿಯಲ್ಲಿ ಇಳಿಸುತ್ತಾರೆ, ಎಲ್ಲರೂ ಬೆನ್ನು ತಿರುಗಿಸಿದ ಮೇಲೆ ಎತ್ತಿಕೊಂಡು ಓಡೋಣ ಎಂದು ಇಬ್ಬರೂ ಗುಸುಗುಸು ಮಾತಾಡಿಕೊಂಡರು. ಹೇರೋಹಳ್ಳಿಯವರು ಅಷ್ಟು ದಡ್ಡರಲ್ಲ. ತಮಟೆಯ ಸದ್ದು ಕೇಳಿಯೇ ಬಂದು ಕಾದಿದ್ದರು. ಮಂಕರಿ ನೆಲ ಮುಟ್ಟಿದರೆ ತಾನೆ ರಗಳೆ ಎಂದು ತಲೆಯಿಂದ ತಲೆಗೇ ದಾಟಿಸಿಕೊಂಡು, ಇನ್ನೂ ಜೋರಾಗಿ ಬಡಿದುಕೊಂಡು, ಓಡುನಡಿಗೆಯಲ್ಲಿ ಮುಂದಕ್ಕೆ ಸಾಗಿಸಿದರು. ಸುಂಕದಕಟ್ಟೆಯವರಿಗೂ ಮನೆಗೆ ಹೋಗಲು ಮನಸ್ಸಾಗದೆ ಜೊತೆಗೇ ಬಂದರು.

ಬ್ಯಾಡರಹಳ್ಳಿಯ ಗಡಿಯಲ್ಲಿ ಮಾತ್ರ ಎಲ್ಲ ನಿಂತಿತು. ಅಲ್ಲಿ ಗಂಡಸರು ದೊಣ್ಣೆ ಹಿಡಿದು ಸಾಲಾಗಿ ನಿಂತಿದ್ದರು. ನಡುವೆ, ಬಸ್ಸಿಗೆಂದು ಒಗೆದ ಅಂಗಿ ತೊಟ್ಟು, ಬೆಳ್ಳಿ ಕಡಗದ ಕೈ ಎತ್ತಿ ಚಿಕ್ಕಮುನಿಯಪ್ಪ ನಿಂತಿದ್ದ. ಅವನ ಪಕ್ಕದಲ್ಲಿ ಬಟ್ಟೆಯ ಗಂಟು ಹಿಡಿದ ಇಂದ್ರಮ್ಮ. ಅದೇ ಬೀಗ ಹಾಕಿದ ಮುಖ.

"ಎಲ್ಲಿಂದ ಬಂತು ಇದು?" ಎಂದ ಚಿಕ್ಕಮುನಿಯಪ್ಪ. "ಯಾವೂರ ಅಮ್ಮ? ಯಾವ ಜಾಡ್ಯಕ್ಕೆ ಕಳ್ಸವ್ರೆ? ಹೆಸ್ರು ಹೇಳಿ, ತಗೋತೀವಿ. ಹೆಸ್ರಿಲ್ದೆ ಇರೋದನ್ನ ನಮ್ ತಲೆಗ್ ಕಟ್ಬ್ಯಾಡಿ."

"ನಮ್ಗೂ ಗೊತ್ತಿಲ್ಲ. ಬಂದದ್ದನ್ನ ಸಾಗ್ಸಿದೀವಿ," ಎಂದ ಬೆಟ್ಟಯ್ಯ.

"ಗೊತ್ತಿಲ್ದಿದ್ರೆ ನಿಮ್ಮೂರಲ್ಲೇ ಮಡೀಕಳಿ."

ಮಾತಿಗೆ ಮಾತು ಬೆಳೆಯಿತು. ಒಬ್ಬ ಇನ್ನೊಬ್ಬನ ಟವೆಲ್ ಎಳೆದ. ಒಂದು ದೊಣ್ಣೆ ಮೇಲೆದ್ದಿತು. ನಾಣಿಯ ನಗು, ಭಯ ಎರಡೂ ಒಟ್ಟಿಗೆ ಆರಿಹೋದವು. ತಮಾಷೆಗೆ ಇಟ್ಟ ಮಂಕರಿಗೆ ತಲೆಗಳು ಒಡೆಯುತ್ತವಲ್ಲ ಎಂದು ಅವನಿಗೆ ನಿಜವಾಗಿಯೂ ನಾಚಿಕೆಯಾಯಿತು. ಹೇಳಿಬಿಡೋಣ, ಹುಣಸೆ ಮರಕ್ಕಾದರೂ ಕಟ್ಟಲಿ ಎಂದು ಮುಂದೆ ಬಂದ. ಅಷ್ಟರಲ್ಲಿ ನೂಕುನುಗ್ಗಲಿಗೆ ಹೊತ್ತವನ ಕಾಲು ಎಡವಿತು. ಮಂಕರಿ ವಾಲಿತು. ಸೊಪ್ಪೆಲ್ಲ ಉದುರಿ, ಕೆಂಪು ಬಟ್ಟೆ ಜಾರಿ, ಎರಡು ಕಣ್ಣಿನ ಕ್ಯಾಮೆರಾ ಮಂಕರಿಯ ಅಂಚಿಗೆ ಬಂತು.

"ಅಯ್ಯಯ್ಯೋ! ಅಮ್ಮಾ!"

ಬೀಳುವ ಕ್ಯಾಮೆರಾ ಕಂಡು ಫೋಟೋದವನೊಬ್ಬ ಹೊಟ್ಟೆಯಾಳದಿಂದ ಹೊರಡಿಸಿದ ಕೂಗು ಅದು. ಕೂಗುತ್ತ ನೆಗೆದ. ಕ್ಯಾಮೆರಾವನ್ನು ಗಾಳಿಯಲ್ಲೇ ಹಿಡಿದು ಎದೆಗೆ ಅವುಚಿಕೊಂಡು, ಆಯ ತಪ್ಪಿ ಮೂರು ಸುತ್ತು ಗಿರಗಿರ ತಿರುಗಿ, ಎರಡು ಊರಿನವರ ನಡುವೆ ನಡುಗುತ್ತ ನಿಂತ. ಮೈಯೆಲ್ಲ ಅರಿಶಿನ. ಕೂದಲು ಕೆದರಿತ್ತು. ಕನ್ನಡಕ ಒಂದು ಕಿವಿಯಲ್ಲಿ ನೇತಾಡುತ್ತಿತ್ತು.

ದೊಣ್ಣೆಗಳು ಕೆಳಗಿಳಿದವು. ತಮಟೆ ನಿಂತಿತು.

"ಬಂದ್ಲು," ಎಂದಳು ಲಿಂಗಮ್ಮ. "ಅಮ್ಮ ಐನೋರ್ ಮೈಮ್ಯಾಲೆ ಬಂದ್ಲು!"

ಜನ ದಬದಬ ಅಡ್ಡಬಿದ್ದರು. ನಾಣಿ ಕಿಟ್ಟಿಯತ್ತ ನೋಡಿದ. ಕಿಟ್ಟಿ ಸೋರೆಕಾಯಿಯ ಮರೆಯಿಂದ, ಮುಂದುವರಿಸು ಮುಂದುವರಿಸು ಎಂದು ಕಣ್ಸನ್ನೆ ಮಾಡಿದ. ನಡುಕವನ್ನು ನಾಣಿ ಹೊಸದಾಗಿ ತರಿಸಿಕೊಳ್ಳುವ ಅಗತ್ಯವೇ ಇರಲಿಲ್ಲ.

"ಎಲ್ಲಿಂದ ಬಂದೆ ತಾಯಿ?" ಬೆಟ್ಟಯ್ಯ ಕೈಮುಗಿದು ಕೇಳಿದ.

ತಲೆ ಬಗ್ಗಿಸಿದ್ದ ನಾಣಿಗೆ ಕಣ್ಣೆದುರು ಕ್ಯಾಮೆರಾ ಬಿಟ್ಟು ಬೇರೇನೂ ಕಾಣಲಿಲ್ಲ. "ಜರ್ಮನಿ! ಜರ್ಮನಿಯಿಂದ ಬಂದೆ!"

"ಅದ್ಯಾವ ಹೋಬ್ಳಿ?" ಹಿಂದಿನಿಂದ ಯಾರೋ ಕೇಳಿದರು.

"ಮಾಗಡಿ ಆಚೆ ಇರ್ಬೇಕು ಸುಮ್ನಿರು."

"ಎಲ್ಗ್ ಹೋಗ್ಬೇಕು ತಾಯಿ?"

"ರಾಜಾಜಿನಗರಕ್ಕೆ! ನಾನು ಈ ಊರುಗಳಿಗೆ ಬಂದವಳೇ ಅಲ್ಲ! ದಾರಿ ತಪ್ಪಿಸಿದಿರಿ! ಇವನ ಕೈಯಲ್ಲೇ ನನ್ನನ್ನು ವಾಪಸು ಕಳಿಸಿ!"

"ಅಮ್ಮ ಬೋ ಓದ್ಕೊಂಡವ್ಳೆ, ಮಾತು ನೋಡು," ಎಂದು ಹೆಂಗಸರು ಮೆಚ್ಚಿಕೊಂಡರು. ಹೊಸ ಬಡಾವಣೆಯಲ್ಲಿ ಅಮ್ಮನಿಗೆ ಗುಡಿಯಿಲ್ಲ, ಅದಕ್ಕೇ ಹೊರಟಿದ್ದಾಳೆ ಎಂದು ಎಲ್ಲರಿಗೂ ನ್ಯಾಯವಾಗಿ ತೋರಿತು. ಜಗಳ ಮುಗಿಯಿತು. ಅಲ್ಲಿಗೆ ಬಿಟ್ಟಿದ್ದರೆ ಆಗುತ್ತಿತ್ತು. ಆದರೆ ಬಂದ ಅಮ್ಮನನ್ನು ಬರಿದೇ ಕಳಿಸುವವರು ಯಾರು? ಒಬ್ಬಳು ಎಮ್ಮೆ ಹಾಲು ಕೊಡುತ್ತಿಲ್ಲ ಅಂದಳು. "ಹಿಂಡಿ ಹಾಕು!" ಎಂದ ನಾಣಿ. ಇನ್ನೊಬ್ಬ ಹೆಂಡತಿ ಮಾತು ಬಿಟ್ಟಿದ್ದಾಳೆ ಅಂದ. "ನೀನು ಕಡಿಮೆ ಮಾತಾಡು!" ಎಂದ. ಸೈ ಎಂದಿತು ಜನ.

ಆಗ ಚಿಕ್ಕಮುನಿಯಪ್ಪ ಮುಂದೆ ಬಂದ. ಬೋರ್ಡು ಕಿತ್ತೊಯ್ಯುತ್ತೇನೆ ಅಂದಿದ್ದ ಆ ಗಟ್ಟಿ ಕುಳ ಟವೆಲನ್ನು ಸೊಂಟಕ್ಕೆ ಕಟ್ಟಿ, ಎರಡೂ ಕೈ ಜೋಡಿಸಿ ನಿಂತಿದ್ದ. ಕಣ್ಣು ತುಂಬಿತ್ತು.

"ತಾಯಿ, ನನ್ ಮಗ್ಳು ಇಂದ್ರ. ತಾಯಿಲ್ಲದ ಕೂಸು. ಒಳ್ಳೆ ಹುಡ್ಗ ಸಿಕ್ಕವ್ನೆ. ಅವ್ನು ಬ್ಯಾಡ ಅಂದ್ಬುಟ್ರೆ ಅಂತ ನಂಗೆ ನಿದ್ದೆ ಇಲ್ಲ. ಅದರ ಮದ್ವೆ ಆಗ್ತದಾ ತಾಯಿ?"

ಇವನು ಇಷ್ಟು ಹೆದರಿದ್ದಾನೆ ಎಂದು ನಾಣಿಗೆ ಗೊತ್ತಿರಲಿಲ್ಲ. ಆ ಹೆದರಿಕೆಗೆ ಕಾರಣ ತಾನು ತೆಗೆದ ಪಟ. "ಆಗುತ್ತೆ," ಎನ್ನಲು ಹೋದ, ಧ್ವನಿ ಒಡೆಯಿತು. ಇನ್ನೊಂದು ಗಳಿಗೆ ಸುಮ್ಮನಿದ್ದರೆ ಅಮ್ಮ ಗೊಳೋ ಎಂದು ಅತ್ತುಬಿಡುವ ಹಾಗಿದ್ದಳು. ಅಳು ತಡೆಯಲು ಬಾಯಿಗೆ ಬಂದದ್ದನ್ನು ಗಟ್ಟಿಯಾಗಿ ಅರಚಿದ. ಬಂದದ್ದು ದಿನಾ ಬರುತ್ತಿದ್ದ ಮಾತೇ.

"ಅಲ್ಲಾಡಬೇಡಿ! ಉಸಿರು ಬಿಗಿ ಹಿಡೀರಿ!"

ಮೂರೂರಿನ ಜನ ಹಾಗೆಯೇ ನಿಂತರು. ಯಾರೂ ಅಲ್ಲಾಡಲಿಲ್ಲ. ಎಲ್ಲರ ಕೆನ್ನೆಯೂ ಉಬ್ಬಿತು. ಬೆಟ್ಟಯ್ಯನ ಕಣ್ಣು ಮೇಲೆ ಸಿಕ್ಕಿಕೊಂಡಿತು.

ಇಂದ್ರಮ್ಮ ಮಾತ್ರ ತಲೆಯೆತ್ತಿ ಅಮ್ಮನನ್ನು ದಿಟ್ಟಿಸಿದಳು. ಆ ಮಾತನ್ನು ಅವಳು ಎಲ್ಲೋ ಕೇಳಿದ್ದಳು. ಕಳೆದ ವಾರ, ಒಂದು ಮಧ್ಯಾಹ್ನ ಪೂರ್ತಿ, ಮರದ ಕುರ್ಚಿಯ ಮೇಲೆ ಕೂತು ಕೇಳಿದ್ದಳು. ಅರಿಶಿನದ ಅಡಿಯಲ್ಲಿ ಮೀಸೆ ಗುರುತು ಸಿಕ್ಕಿತು. ನೇತಾಡುವ ಕನ್ನಡಕ ಗುರುತು ಸಿಕ್ಕಿತು. ಎದೆಗೆ ಅವುಚಿದ ಪೆಟ್ಟಿಗೆ ಗುರುತು ಸಿಕ್ಕಿತು. ಅವಳು ಸುತ್ತ ನೋಡಿದಳು: ಇಡೀ ಸೀಮೆ, ತನ್ನ ಅಪ್ಪನ ಸಮೇತ, ಪಟಕ್ಕೆ ಕೂತ ಹಾಗೆ ಉಸಿರು ಹಿಡಿದು ನಿಂತಿತ್ತು.

ಇಂದ್ರಮ್ಮನಿಗೆ ತಡೆಯಲಾಗಲಿಲ್ಲ. ಗಂಟು ಕೈಯಿಂದ ಬಿತ್ತು. ಮುಖದ ಬೀಗ ಕಿತ್ತುಹೋಯಿತು. ತಲೆ ಹಿಂದಕ್ಕೆ ಚೆಲ್ಲಿ, ಕಣ್ಣಲ್ಲಿ ನೀರು ಬರುವವರೆಗೆ, ಚಪ್ಪಲಿ ಬಿಡುವಾಗ ನಕ್ಕಿದ್ದಳಲ್ಲ, ಅದರ ಹತ್ತರಷ್ಟು ನಕ್ಕಳು.

ತಲೆ ಬಗ್ಗಿಸಿದ್ದ ನಾಣಿಗೆ ಅದು ಕ್ಯಾಮೆರಾದ ನೆತ್ತಿಯ ಗಾಜಿನಲ್ಲಿ ಕಂಡಿತು. ಇಳಿಬಿಸಿಲು ಅವಳ ಮುಖದ ಮೇಲಿತ್ತು. ಸೋರೆಕಾಯಿಗೆ ಅಳೆದಿಟ್ಟಿದ್ದ ಅದೇ ಎರಡು ಮಾರು ದೂರದಲ್ಲಿ ಅವಳು ನಿಂತಿದ್ದಳು. ಅವನ ಬೆರಳು ಯಾರನ್ನೂ ಕೇಳಲಿಲ್ಲ. ಕ್ಲಿಕ್ ಅಂದಿತು.

ಕ್ಯಾಮೆರಾವನ್ನು ಮಂಕರಿಯಲ್ಲಿಟ್ಟು ತಲೆಯ ಮೇಲೆ 'ಅಮ್ಮನನ್ನು' ಹೊತ್ತು, ಹಿಂದಿರುಗಿ ನೋಡದೆ, ನಾಣಿ ರಾಜಾಜಿನಗರದವರೆಗೆ ನಡೆದ. ಸುಂಕದಕಟ್ಟೆಯವರೆಗೆ ತಮಟೆ ಜೊತೆಗೇ ಬಂತು. ಮನೆಗೆ ಬಂದು ಮೊದಲು ಮಾಡಿದ ಕೆಲಸ, ಕ್ಯಾಮೆರಾದ ಮುಂದೆ ಒಂದು ತೆಂಗಿನಕಾಯಿ ಒಡೆದದ್ದು. ತಪ್ಪಾಯಿತು ತಾಯಿ ಎಂದು ಮನಸಾರೆ ಬೇಡಿಕೊಂಡ. ಕಿಟ್ಟಿಯೂ ಕೆನ್ನೆ ತಟ್ಟಿಕೊಂಡ.

ಪಟ ಚೆನ್ನಾಗಿ ಬಂದಿತ್ತು. ಎಷ್ಟು ಚೆನ್ನಾಗಿ ಬಂದಿತ್ತೆಂದರೆ ನಾಣಿಗೆ ಹೆದರಿಕೆಯಾಯಿತು. ಇಂದ್ರಮ್ಮನ ಸುತ್ತ ಉಸಿರು ಬಿಗಿಹಿಡಿದ ನೂರು ಮುಖ ಇದ್ದವು. ಕತ್ತರಿ ಹಾಕಿ ಎಲ್ಲರನ್ನೂ ತೆಗೆದರೂ ಅವಳ ಭುಜದ ಪಕ್ಕ ಜೋಡಿಸಿದ ಎರಡು ಕೈ ಉಳಿದವು. ಅವನ್ನು ಕತ್ತರಿಸಿದರೆ ಹುಡುಗಿಯ ಕಿವಿ ಹೋಗುತ್ತಿತ್ತು. ಕೊಡದಿದ್ದರೆ ಹುಡುಗಿಯ ಮದುವೆ ಇಲ್ಲ, ಕೊಟ್ಟರೆ ಅಮ್ಮನ ಗುಟ್ಟು ಬಯಲು.

ಗುರುವಾರ ಚಿಕ್ಕಮುನಿಯಪ್ಪ ಪಟ ಕೇಳಿಕೊಂಡು ಬಂದ. ನಾಣಿ ಪಟವನ್ನು ಅವನ ಕೈಗಿಟ್ಟು, ಬೋರ್ಡಿನ ಕಡೆ ಒಂದು ಸಲ ನೋಡಿ, ಕಣ್ಣು ಮುಚ್ಚಿಕೊಂಡ.

ಚಿಕ್ಕಮುನಿಯಪ್ಪ ಪಟ ನೋಡುತ್ತ ಮರದ ಕುರ್ಚಿಯ ಮೇಲೆ ಕೂತ.

"ಇವ್ಳು ಹುಟ್ಟಿದಾಗ್ಲಿಂದ ನಗೋದು ಹಿಂಗೇ," ಎಂದ ಚಿಕ್ಕಮುನಿಯಪ್ಪ. ಧ್ವನಿ ಮೆತ್ತಗಾಗಿತ್ತು. "ಮದ್ವೆ ಚಿಂತೇಲಿ ನಾನೇ ಮರ್ತೋಗಿದ್ದೆ." ಆಮೇಲೆ ಪಟವನ್ನು ಬೆಳಕಿಗೆ ಹಿಡಿದ. "ಸ್ವಾಮಿ, ಈ ಕಡಗ ನಂದಲ್ವಾ?"

ನಾಣಿ ತಲೆಯಾಡಿಸಿದ. ನಡೆದದ್ದನ್ನೆಲ್ಲ ಹೇಳಿದ, ಸೋರೆಕಾಯಿಯಿಂದ ಹಿಡಿದು. ಚಿಕ್ಕಮುನಿಯಪ್ಪನ ಮುಖ ಕೆಂಪಾಯಿತು, ಕಪ್ಪಾಯಿತು. ಮೀಸೆ ಎರಡು ಸಲ ಅದುರಿತು.

"ನಾನು ನಿಮ್ ಮುಂದೆ ಕೈ ಮುಗ್ದು ಅತ್ತಿದ್ದನ್ನ ಯಾರಿಗಾದ್ರೂ ಹೇಳಿದ್ರೋ, ಬೋರ್ಡಲ್ಲ, ನಿಮ್ಮನ್ನೇ ಕರಾನ್ ಜೊತೆ ಕಟ್ತೀನಿ."

"ಹೇಳಲ್ಲ."

"ಇನ್ನೊಂದು. ಅಮ್ಮ ಬಂದಿದ್ದು ನಿಜ ಅಂತ ಮೂರೂರೂ ನಂಬವೆ. ಎಮ್ಮೆ ಬೇರೆ ಹಾಲ್ ಕೊಟ್ಬುಟ್ಟದೆ. ಬರೋ ವರ್ಷದಿಂದ ಅದೇ ಗಡೀಲಿ ಹಬ್ಬ ಮಾಡೋದು ಅಂತ ಪಂಚಾಯ್ತಿ ಆಗೋಗದೆ." ಅವನು ಪಟವನ್ನು ಜೋಪಾನವಾಗಿ ಜೇಬಿಗಿಟ್ಟು ಎದ್ದ. "ವರ್ಷ ವರ್ಷವೂ ಮೈಮ್ಯಾಲೆ ಬರುಸ್ಕೊಳೋರು ನೀವೇ. ತಪ್ಪುಸ್ಕಳಂಗಿಲ್ಲ."

ಮುನಿರಾಜು ಈ ಸಲ ಕಾಗದ ಬರೆಯಲಿಲ್ಲ. ರಜ ಹಾಕಿ ತಾನೇ ಬಂದ. ಬಂದವನು ಮೊದಲು ಕೇಳಿದ್ದು, ಏನು ನೋಡಿ ಅಷ್ಟು ನಕ್ಕೆ ಅಂತ. ಮದುವೆಯಾದ ಮೇಲೆ ಹೇಳುತ್ತೇನೆ ಅಂದಳಂತೆ ಇಂದ್ರಮ್ಮ. ಮದುವೆಯಾಯಿತು.

ಮುಂದಿನ ವರ್ಷ ಅದೇ ಗಡಿಯಲ್ಲಿ ತಮಟೆ ಮೊಳಗಿತು. ಮೈಯೆಲ್ಲ ಅರಿಶಿನ ಬಳಿದುಕೊಂಡು, ಬೇವಿನ ಕೊಂಬೆ ಹಿಡಿದು ನಾಣಿ ನಿಂತ. ಅವನು ಬಾಯಿ ತೆರೆಯುವ ಮೊದಲೇ ಮೂರೂರಿನ ಹಿರಿಯರು, ಹೆಂಗಸರು, ಮಕ್ಕಳು ಒಕ್ಕೊರಲಿನಿಂದ "ಅಲ್ಲಾಡಬೇಡಿ! ಉಸಿರು ಬಿಗಿ ಹಿಡೀರಿ!" ಎಂದು ಭಕ್ತಿಯಿಂದ ಹೇಳಿ, ಕೆನ್ನೆ ಉಬ್ಬಿಸಿಕೊಂಡು ಕಲ್ಲಾಗಿ ನಿಂತರು. ಹಬ್ಬದ ಮುಖ್ಯ ಶಾಸ್ತ್ರವೇ ಅದು ಎಂದು ತೀರ್ಮಾನವಾಗಿತ್ತು. ಲಿಂಗಮ್ಮ ಎಲ್ಲರಿಗಿಂತ ಹೆಚ್ಚು ಹೊತ್ತು ಉಸಿರು ಹಿಡಿದಳು. ಮುಂದಿನ ಸಾಲಿನಲ್ಲಿ ಇಂದ್ರಮ್ಮ ಸೆರಗನ್ನು ಬಾಯಿಗೆ ತುರುಕಿಕೊಂಡಿದ್ದಳು. ಪಕ್ಕದಲ್ಲಿ ಅವಳ ಗಂಡ ಮಿಲಿಟರಿಯ ಶಿಸ್ತಿನಲ್ಲಿ ನೆಟ್ಟಗೆ ನಿಂತು, ಭುಜ ಮಾತ್ರ ಕುಲುಕಿಸುತ್ತಿದ್ದ. ಅವರ ಹಿಂದೆ ಚಿಕ್ಕಮುನಿಯಪ್ಪ ಕೈ ಮುಗಿದು, ಗಂಭೀರವಾಗಿ, ನಾಣಿಗೆ ಕಣ್ಣು ಹೊಡೆದ.

ನಾಣಿ ತುಟಿ ಕಚ್ಚಿದ. ಕಣ್ಣಲ್ಲಿ ನೀರು ತಂದುಕೊಂಡ. ಆಮೇಲೆ ತಡೆಯಲಾಗದೆ, ಹೊಟ್ಟೆ ಹಿಡಿದುಕೊಂಡು, ಹಳದಿ ಮೀಸೆಯ ಕೆಳಗೆ ಇದ್ದಬದ್ದ ಹಲ್ಲನ್ನೆಲ್ಲ ಬಿಟ್ಟು ನಕ್ಕುಬಿಟ್ಟ.

"ಅಮ್ಮ ನಕ್ಕಳು! ಈ ವರ್ಷ ಮಳೆ ಬೆಳೆಗೆ ಮೋಸ ಇಲ್ಲ!" ಎಂದು ಜನ ಕುಣಿದಾಡಿದರು.

ಗಡಿಯ ಪಕ್ಕದ ಲಂಟಾನದೊಳಗೆ ಕೂತಿದ್ದ ಕಿಟ್ಟಿ ಸೈಕಲ್ ಹಾರನ್ನಿನ ಗುಂಡು ಹಿಚುಕಿದ. ನಾಣಿಯ ಎದುರಿನ ಮಂಕರಿಯಲ್ಲಿ ಕ್ಯಾಮೆರಾ ಕ್ಲಿಕ್ ಅಂದಿತು. ಆ ಪಟ ಸ್ಟುಡಿಯೋದಲ್ಲಿ, ಮರದ ಕುರ್ಚಿಯ ಎದುರಿನ ಗೋಡೆಗೆ ಏರಿತು. ಅದನ್ನು ನೋಡಿಕೊಂಡು ಕೂತವರಿಗೆ ನಗಿ ಅಂತ ಹೇಳುವ ಕೆಲಸ ನಾಣಿಗೆ ಮತ್ತೆ ಬೀಳಲಿಲ್ಲ.